ಆರು ಕಂತು ಮುಗಿಯಿತು: ರೆಕಾರ್ಡ್ ಗುಂಡಿ ಒತ್ತಿದ ಕೈಗಳಿಗೆ ನಮಸ್ಕಾರ

ಕಾಸರಗೋಡಿನ ಪದವುಗಳ, ಎಂದರೆ ಗುಡ್ಡದ ತಲೆಯ ಬೋಳು ಬಯಲುಗಳ ಮೇಲೆ ನಡೆದ ಕಾರು ಓಟಗಳಾದ ಆಟೋಕ್ರಾಸ್ ಮತ್ತು ರ‍್ಯಾಲಿ ಸ್ಪ್ರಿಂಟ್‌ಗಳನ್ನು ಅರ್ಧರ್ಧ ಗಂಟೆಯ ಆರು ಕಂತು ಮಾಡಿ ಕನ್ನಡದಲ್ಲಿ ಟಿವಿಗೆ ಕೊಡುವ ಕೆಲಸ ಮುಗಿಯಿತು. ಕೊನೆಯ ಕಂತಿನಲ್ಲಿ ಹೆಸರುಪಟ್ಟಿ ಪರದೆಯ ಮೇಲೆ ಓಡಿದ್ದು 22 ಸೆಕೆಂಡು. ಅಷ್ಟರಲ್ಲಿ ಹೆಸರು ಓದಲಿಕ್ಕೇ ಆಗುವುದಿಲ್ಲ, ಯಾರು ಎಂತ ಮಾಡಿದರು ಎಂದು ಹೇಳುವುದು ದೂರವೇ ಉಳಿಯಿತು. ಅದಕ್ಕೆ ಈ ಬರಹ. ಇಲ್ಲಿಯೂ ಹೆಸರು ಹಾಕುತ್ತಿಲ್ಲ; ಹೆಚ್ಚಿನವರು "ಬೇಡ ಮಾರಾಯ್ರೆ" ಅಂದಿದ್ದಾರೆ. ಕೆಲಸ ಹೇಳಿದರೆ ಊರಿನವರಿಗೆ ಆಳು ಗೊತ್ತಾಗುತ್ತದೆ.

ಸಿನಿಮಾದಲ್ಲಿ ಇನ್ನೊಂದು ಟೇಕ್ ಉಂಟು, ಇಲ್ಲಿ ಇಲ್ಲ. ಆಟೋಕ್ರಾಸಿನಲ್ಲಿ ಕಾರುಗಳು ಒಂದೊಂದಾಗಿ ಗಡಿಯಾರದ ವಿರುದ್ಧ ಓಡುತ್ತವೆ. ಒಂದೂವರೆ ಕಿಲೋಮೀಟರಿನ ಮಣ್ಣುದಾರಿ, ಹೆಚ್ಚೆಂದರೆ ಒಂದೂವರೆ ನಿಮಿಷ. ಆ ಹೊತ್ತಿನಲ್ಲಿ ಚಾಲೂ ಆಗದ ಕ್ಯಾಮೆರಾ, ಬಿಚ್ಚಿಕೊಂಡ ತಂತಿ, ಧೂಳು ಕೂತ ಲೆನ್ಸ್, ಯಾವುದಕ್ಕೂ ಮತ್ತೆ ಮದ್ದಿಲ್ಲ. ಹಾಗಾಗಿ ಇಂಥ ಕಾರ್ಯಕ್ರಮದ ನಿರ್ದೇಶನ ಮುಕ್ಕಾಲು ಪಾಲು ಕಾರು ಹೊರಡುವ ಮೊದಲೇ ಆಗಿಹೋಗಿರುತ್ತದೆ, ಅದೂ ನಿರ್ದೇಶಕರ ಕೈಯಲ್ಲಲ್ಲ.

ಮೊದಲ ನಮಸ್ಕಾರ ಸ್ಟಾರ್ಟ್ ಲೈನಿನ ಮಾರ್ಷಲ್‌ಗಳಿಗೆ. ಪ್ರತಿ ಕಾರಿನ ಒಳಗೆ ಎರಡು ಪುಟ್ಟ ಆ್ಯಕ್ಷನ್ ಕ್ಯಾಮೆರಾ ಇಟ್ಟಿದ್ದೆವು. ಅವುಗಳ ಬ್ಯಾಟರಿ ಬರುವುದು ಒಂದು ಗಂಟೆಯ ಆಸುಪಾಸು. ಕಾರು ಸಾಲಿನಲ್ಲಿ ಬಿಸಿಲಿಗೆ ಕಾಯುವುದೇ ನಲ್ವತ್ತು ನಿಮಿಷ. ಕಾರು ಸಜ್ಜು ಮಾಡುವ ಜಾಗದಲ್ಲೇ (ಪಿಟ್) ಚಾಲೂ ಮಾಡಿ ಕಳಿಸಿದರೆ ಮುಚ್ಚಿದ ಕಾರಿನ ಸೆಕೆಗೆ ಕ್ಯಾಮೆರಾ ಬಿಸಿಯಾಗಿ ತಾನೇ ಆಫ್ ಆಗುತ್ತದೆ, ಸರಿಯಾಗಿ ಓಟದ ಹೊತ್ತಿಗೆ. ಚಾಲಕನೇ ಒತ್ತಲಿ ಎಂದರೆ ಕೈಗೆ ಗ್ಲೌಸ್, ತಲೆಗೆ ಹೆಲ್ಮೆಟ್, ಮನಸ್ಸು ಮೊದಲ ತಿರುವಿನಲ್ಲಿ. ಕಡೆಗೆ ಮಾರ್ಷಲ್‌ಗಳೇ ತಮ್ಮ ತಪಾಸಣೆಗೆ ಒಂದು ಮಾತು ಸೇರಿಸಿಕೊಂಡರು: ಬೆಲ್ಟ್, ಹೆಲ್ಮೆಟ್, ಬಾಗಿಲು, ಕೆಂಪು ದೀಪ. ಕ್ಯಾಮೆರಾ ಚಾಲೂ ಇದೆಯೆಂದು ಆ ದೀಪ ಮಿನುಗಿದ್ದು ಕಣ್ಣಾರೆ ಕಂಡ ಮೇಲೆಯೇ ಹೆಬ್ಬೆರಳು ಎತ್ತುವುದು. ಇದು ಅವರ ಕೆಲಸವಲ್ಲ. ಸುರಕ್ಷೆ ಅವರ ಕೆಲಸ. ಕಾರಿನ ಒಳಗಿನ ಚಿತ್ರ ನೋಡಿ "ನಾವೇ ಕೂತ ಹಾಗಾಯ್ತು" ಅಂದವರೆಲ್ಲ ಈ ನಾಲ್ಕನೇ ಮಾತಿಗೆ ಋಣಿಗಳು.

ಓಟದ ಮೊದಲು ಕಾರು ತಪಾಸಣೆ ಮಾಡುವ ಸ್ಕ್ರೂಟಿನಿಯವರಿಗೆ ಕೃತಜ್ಞತೆ ಹೇಳುವುದು ರೂಢಿಯಲ್ಲಿ ಇಲ್ಲ, ಯಾಕೆಂದರೆ ಅವರ ಬಾಯಲ್ಲಿ ಮೊದಲು ಬರುವುದು "ಆಗುವುದಿಲ್ಲ". ಗಾಜಿಗೆ ಅಂಟುವ ರಬ್ಬರ್ ಬಟ್ಟಲಿನ ಹಿಡಿಕೆಗಳನ್ನು ಅವರು ನೇರವಾಗಿ ಕಿತ್ತು ಕೈಗೆ ಕೊಟ್ಟರು. ಸರಿಯಾದದ್ದೇ. 150 ಗ್ರಾಂ ಕ್ಯಾಮೆರಾಕ್ಕೆ ಢಿಕ್ಕಿಯಲ್ಲಿ 20 ಜಿ (ಭೂಮಿಯ ಸೆಳೆತದ ಇಪ್ಪತ್ತು ಪಟ್ಟು) ಬಿದ್ದರೆ ಅದು ಮೂರು ಕಿಲೋ ಕಲ್ಲಿನ ಹಾಗೆ ಎಳೆಯುತ್ತದೆ, ಬಟ್ಟಲಿನ ಹಿಡಿತವನ್ನು ಆಗ ನಂಬುವ ಹಾಗಿಲ್ಲ. ಕಾರು ಮಗುಚಿದರೆ ಒಳಗಿನವರನ್ನು ಕಾಯುವ ರೋಲ್ ಕೇಜಿನ ಪೈಪಿಗೆ ಲೋಹದ ಕ್ಲ್ಯಾಂಪ್ ಬೋಲ್ಟ್ ಹಾಕಿ ಬಿಗಿಯಬೇಕು, ಅದಕ್ಕೂ ಮೇಲೆ ಸಣ್ಣ ಉಕ್ಕಿನ ಸರಿಗೆಯಿಂದ ಕ್ಯಾಮೆರಾವನ್ನು ಬೇರೆಯಾಗಿ ಕಟ್ಟಬೇಕು ಎಂದರು. ಸುರಕ್ಷೆಗೆಂದು ಮಾಡಿದ್ದು ಚಿತ್ರಕ್ಕೂ ಒದಗಿತು. ಕಂಪನ ತಗ್ಗುತ್ತದೆಂದು ಕ್ಲ್ಯಾಂಪಿನ ಅಡಿಗೆ ರಬ್ಬರ್ ತುಂಡು ಕೊಡುವ ಅಭ್ಯಾಸ ಹಲವರಿಗೆ ಉಂಟು. ಎಂಜಿನ್ನಿನ ಕಂಪನಕ್ಕೆ ರಬ್ಬರು ಲಯ ಹಿಡಿದರೆ ಚಿತ್ರ ಹಲಸಿನ ಹಣ್ಣಿನ ಹಲ್ವದ ಹಾಗೆ ಅಲುಗುತ್ತದೆ. ಗಟ್ಟಿ ಹಿಡಿತವೇ ಮೇಲು.

ಆ ಕ್ಯಾಮೆರಾಗಳ ಬಗ್ಗೆ ಇನ್ನೆರಡು ಮಾತು, ಮುಂದೆ ಮಾಡುವವರಿಗೆ ಬೇಕಾದೀತು. ಕಾರಿನೊಳಗೆ ಬಿಗಿದ ಕ್ಯಾಮೆರಾದಲ್ಲಿ ಚಿತ್ರದ ಅಲುಗಾಟ ತಡೆಯುವ ಸ್ಟೆಬಿಲೈಸೇಶನ್ ಆಫ್ ಇರಲಿ. ಅದರ ಒಳಗಿನ, ತಿರುಗುವುದನ್ನು ಅಳೆಯುವ ಗೈರೊ ಕಾರು ತಿರುಗಿದ್ದನ್ನು ಕ್ಯಾಮೆರಾ ಅಲುಗಿತೆಂದು ತಿಳಿದು ಚಿತ್ರವನ್ನು ಎದುರು ದಿಕ್ಕಿಗೆ ಎಳೆಯುತ್ತದೆ. ನೋಡುವವನಿಗೆ ಡ್ಯಾಶ್‌ಬೋರ್ಡು ನೀರಿನಲ್ಲಿ ತೇಲಿದಂತೆ ಕಾಣುತ್ತದೆ. ಮತ್ತೊಂದು, ಸೆಟ್ಟಿಂಗಿನಲ್ಲಿ 50 ಹರ್ಟ್ಸ್ ಆರಿಸಿಕೊಂಡು ಸೆಕೆಂಡಿಗೆ 50 ಅಥವಾ 25 ಫ್ರೇಮ್ ಇಡಬೇಕು. ನಮ್ಮ ಟಿವಿ ಪ್ರಸಾರದ ಲೆಕ್ಕ 50ರದ್ದು. ಅನೇಕ ಕ್ಯಾಮೆರಾಗಳು ಪೆಟ್ಟಿಗೆಯಿಂದ ಹೊರಬರುವಾಗಲೇ 30 ಅಥವಾ 60ರಲ್ಲಿ ಇರುತ್ತವೆ. ಅದನ್ನು ಆಮೇಲೆ 25ಕ್ಕೆ ಇಳಿಸಿದರೆ ಸೆಕೆಂಡಿಗೆ ಇಂತಿಷ್ಟು ಫ್ರೇಮ್ ಬಿಟ್ಟುಹೋಗಿ ಕಾರು ಕುಂಟುತ್ತಾ ಓಡುತ್ತದೆ. ಎಡಿಟಿಂಗಿನಲ್ಲಿ ಅದಕ್ಕೆ ಪೂರಾ ಚಿಕಿತ್ಸೆ ಇಲ್ಲ.

ಶಬ್ದಕ್ಕಾಗಿ ತಮ್ಮ ಕಾರಿನ ಡಿಕ್ಕಿ ಬಿಟ್ಟುಕೊಟ್ಟ ಚಾಲಕರಿಗೆ, ಹೆಲ್ಮೆಟ್ಟಿನೊಳಗೆ ಮಾತಾಡುವ ಇಂಟರ್‌ಕಾಮ್ ಬಿಚ್ಚಲು ಒಪ್ಪಿದ, ಪಕ್ಕದ ಸೀಟಿನಿಂದ ದಾರಿ ಓದಿ ಹೇಳುವ ನ್ಯಾವಿಗೇಟರ್‌ಗಳಿಗೆ ಬೇರೆಯಾಗಿಯೇ ವಂದನೆ. ಮೋಟಾರ್ ಸ್ಪೋರ್ಟ್ಸ್ ಕಾರ್ಯಕ್ರಮವನ್ನು ಶಬ್ದ ಮುಚ್ಚಿ ನೋಡಿ: ಕಾರುಗಳೆಲ್ಲ ನಿಧಾನ ಆಗಿಬಿಡುತ್ತವೆ. ಸೈಲೆನ್ಸರಿನ ಬಾಯಿಯ ಹತ್ತಿರ ಸೂಕ್ಷ್ಮ ಮೈಕ್ ಇಟ್ಟರೆ ಬರುವುದು ಒಡೆದ ಗರಗರ ಮಾತ್ರ. ಗಟ್ಟಿ ಶಬ್ದ ತಾಳುವ ಡೈನಮಿಕ್ ಮೈಕನ್ನು ಹೊಗೆ ನೇರ ಬಡಿಯದ ಹಾಗೆ ಡಿಕ್ಕಿಯ ಒಂದು ಬದಿಗೆ, ತುಪ್ಪಳದ ಹೊದಿಕೆ ಹಾಕಿ ಕಟ್ಟಬೇಕು. ರೆಕಾರ್ಡರಿನಲ್ಲಿ ಅದೇ ಮೈಕನ್ನು ಎರಡು ಟ್ರ್ಯಾಕಿಗೆ ಕೊಟ್ಟು, ಎರಡನೆಯದನ್ನು 12ರಿಂದ 20 ಡೆಸಿಬಲ್ ಇಳಿಸಿ ಇಟ್ಟರೆ ಗೇರು ಬದಲಿಸುವಾಗಿನ ಸಿಡಿತ ಒಡೆದರೂ ಇನ್ನೊಂದರಲ್ಲಿ ಉಳಿಯುತ್ತದೆ.

ಇಂಟರ್‌ಕಾಮಿನದ್ದು ಇನ್ನೂ ಸೂಕ್ಷ್ಮ. ಅದರಿಂದ ನೇರ ತಂತಿ ಎಳೆದು ಕ್ಯಾಮೆರಾಕ್ಕೆ ಸಿಕ್ಕಿಸಿ, ಕ್ಯಾಮೆರಾಕ್ಕೆ ಕರೆಂಟನ್ನೂ ಕಾರಿನ ಬ್ಯಾಟರಿಯಿಂದಲೇ ಕೊಟ್ಟರೆ ಆಲ್ಟರ್ನೇಟರಿನ ಕುಯ್ಯೆನ್ನುವ ಸದ್ದು ಎಂಜಿನ್ನಿನ ಜೊತೆ ಏರಿ ಇಳಿಯುತ್ತದೆ. ನಡುವೆ ಸಣ್ಣ ಐಸೊಲೇಶನ್ ಟ್ರಾನ್ಸ್‌ಫಾರ್ಮರ್ ಹಾಕಿದರೆ, ಇಲ್ಲವೇ ಕ್ಯಾಮೆರಾವನ್ನು ಅದರದ್ದೇ ಬ್ಯಾಟರಿಯಲ್ಲಿ ನಡೆಸಿದರೆ ನಿಲ್ಲುತ್ತದೆ. ಇಷ್ಟೆಲ್ಲ ಪಾಡು ಪಟ್ಟದ್ದು ನ್ಯಾವಿಗೇಟರನ ಧ್ವನಿಗಾಗಿ. ಕಾಸರಗೋಡಿನಲ್ಲಿ ಅದರ ಬೆಲೆ ಬಿಡಿಸಿ ಹೇಳಬೇಕಾಗಿಲ್ಲ. ರ‍್ಯಾಲಿ ಚಾಲಕ ಗೌರವ್ ಗಿಲ್ ಪಕ್ಕದ ಸೀಟಿನಲ್ಲಿ ಕೂತು ನೋಟ್ಸ್, ಎಂದರೆ ಮುಂದಿನ ತಿರುವುಗಳ ಟಿಪ್ಪಣಿ ಓದಿದ ಮೂಸಾ ಶರೀಫ್ ಈ ಮಣ್ಣಿನವರೇ. ರ‍್ಯಾಲಿ ಎಂದರೆ ಬರೇ ಸ್ಟೀರಿಂಗ್ ಅಲ್ಲ, ಓದುವ ಬಾಯಿಯೂ ಹೌದು ಎಂದು ಊರಿಗೆ ತಿಳಿಸಿದವರು ಅವರು. ಆ ನೋಟ್ಸಿನಲ್ಲಿ ತಿರುವಿನ ಬಿರುಸಿಗೆ ಅಂಕೆ ಇರುತ್ತದೆ. ಹೆಚ್ಚು ಬಳಕೆಯಲ್ಲಿರುವ ಕ್ರಮದಲ್ಲಿ 1 ಎಂದರೆ ಬಹಳ ಬಿಗಿ, 6 ಎಂದರೆ ಸುಮಾರಾಗಿ ನೇರ. ಕೆಲವರು ಇದನ್ನೇ ತಿರುಗಿಸಿ ಬರೆದುಕೊಳ್ಳುತ್ತಾರೆ. ಯಾರದ್ದು ಯಾವ ಕ್ರಮ ಎಂದು ಪ್ರತಿಯೊಬ್ಬರೂ ತಮ್ಮ ಪುಸ್ತಕ ತೆರೆದು ತೋರಿಸಿದ್ದಕ್ಕೆ ಪರದೆಯ ಕೆಳಗೆ "ಬಲಕ್ಕೆ 3, ಒಳಬದಿಗೆ ಹೋಗಬೇಡ, ಕಲ್ಲು" ಎಂಬ ಕನ್ನಡ ಸಾಲು ಸರಿಯಾಗಿ ಬಂತು. ಅಂಕೆ ಉಲ್ಟಾ ಆಗಿದ್ದರೆ ತಿಳಿದವರು ನಕ್ಕುಬಿಡುತ್ತಿದ್ದರು.

ಇನ್ನು ದೋಟಿ. ಎತ್ತರದ ಚಿತ್ರ ಎಂದ ಕೂಡಲೇ ಎಲ್ಲರ ಬಾಯಲ್ಲೂ ಡ್ರೋನು. ಅದರ ಬ್ಯಾಟರಿ ಹೆಚ್ಚು ಹೊತ್ತು ಬರುವುದಿಲ್ಲ. 2021ರ ಡ್ರೋನ್ ನಿಯಮದ ಪ್ರಕಾರ ಮುಂಗಡ ಅನುಮತಿ ಬೇಡದ ಹಸಿರು ವಲಯದಲ್ಲೂ 120 ಮೀಟರಿನ ಮಿತಿ. ಮಧ್ಯಾಹ್ನದ ಮೇಲೆ ಕಡಲ ಗಾಳಿ ಏಳುತ್ತದೆ, ಜನರ ತಲೆಯ ಮೇಲೆ ಹಾರಿಸಬಾರದು. ಬೆಳಗಿನಿಂದ ಸಂಜೆವರೆಗೆ ಒಂದೇ ಹೇರ್‌ಪಿನ್ ತಿರುವನ್ನು ಮೇಲಿನಿಂದ ನೋಡಬೇಕಾದರೆ ಅಡಿಕೆಗೆ ಮದ್ದು ಬಿಡುವ, ಗೊನೆ ಕೊಯ್ಯುವ ಕಾರ್ಬನ್ ಫೈಬರ್ ದೋಟಿಗೆ ಸಮ ಇಲ್ಲ. ಕೊಯ್ಲಿನ ದಿನಗಳಲ್ಲೇ ಅದನ್ನು ಎರವಲು ಕೊಟ್ಟ ತೋಟದವರು ದೊಡ್ಡ ಮನಸ್ಸು ಮಾಡಿದ್ದಾರೆ. ಆ ಹೊತ್ತಿನಲ್ಲಿ ದೋಟಿ ಕೊಡುವುದೆಂದರೆ ಏನೆಂದು ಅಡಿಕೆ ಬೆಳೆದವರಿಗೆ ಗೊತ್ತು. ಸುಮಾರು 30 ಅಡಿ ಮಾತ್ರ ಎತ್ತಿ, ಮೂರು ಬದಿಗೆ ಹಗ್ಗ ಎಳೆದು ಕಟ್ಟಿ, ತುದಿಗೆ ಪುಟ್ಟ ಕ್ಯಾಮೆರಾ. ಅದಕ್ಕಿಂತ ಮೇಲೆ ಹೋದರೆ ತುದಿ ಓಲಾಡುತ್ತದೆ. ಒಂದು ಎಚ್ಚರಿಕೆ ತೋಟದವರೇ ಮತ್ತೆ ಮತ್ತೆ ಹೇಳಿದ್ದು: ಕಾರ್ಬನ್ ಫೈಬರಿನಲ್ಲಿ ಕರೆಂಟು ಹರಿಯುತ್ತದೆ. ಕರೆಂಟು ತಂತಿಯಿಂದ ದೋಟಿಯ ಪೂರ್ತಿ ಉದ್ದಕ್ಕಿಂತಲೂ ಹೆಚ್ಚು ದೂರದಲ್ಲಿ ನಿಲ್ಲಿಸಬೇಕು, ಅಡ್ಡ ಬಿದ್ದರೂ ತಾಗಬಾರದು. ಗುಡುಗು ಕೇಳಿದರೆ ಆ ಕ್ಷಣವೇ ಇಳಿಸಬೇಕು. ಬೋಳು ಪದವಿನ ಮೇಲೆ ಏಪ್ರಿಲ್, ಮೇ ತಿಂಗಳ ಸಂಜೆಗೆ ಎಲ್ಲಕ್ಕಿಂತ ಎತ್ತರದ ವಸ್ತು ಅದೇ ಆಗಿರುತ್ತದಲ್ಲ.

ಜನರೇಟರಿನವರಿಗೆ, ಅದಕ್ಕಿಂತ ಹೆಚ್ಚಾಗಿ ಅವರೊಟ್ಟಿಗೆ ಬಂದ ಎಲೆಕ್ಟ್ರಿಷಿಯನ್‌ಗೆ. ಮುರಕಲ್ಲಿನ (ಕೆಂಪು ಕಲ್ಲಿನ) ಪದವಿನಲ್ಲಿ ಅರ್ತಿಂಗ್ ಸಿಗುವುದು ಕಷ್ಟ. ಸಲಾಕೆ ಒಂದು ಗೇಣು ಇಳಿದು ಕಲ್ಲಿಗೆ ತಾಗಿ ನಿಲ್ಲುತ್ತದೆ, ಬೇಸಗೆಯಲ್ಲಿ ಕಲ್ಲು ಒಣಗಿ ಕರೆಂಟು ಬಿಡುವುದಿಲ್ಲ. ಅರ್ತಿಂಗ್ ಸರಿ ಇಲ್ಲದಿದ್ದರೆ ಮೈಕಿನಲ್ಲಿ ಗುಂಯ್ ಎನ್ನುತ್ತದೆ, ಕ್ಯಾಮೆರಾದ ಲೋಹ ಮುಟ್ಟಿದರೆ ಜುಮ್ಮೆನ್ನುತ್ತದೆ. ಅವರು ಪದವಿನ ಅಂಚಿನಲ್ಲಿ ಮಣ್ಣು ತುಂಬಿದ ಒಂದು ತಗ್ಗು ಹುಡುಕಿ, ಅಲ್ಲಿ ಸಲಾಕೆ ಇಳಿಸಿ ಉಪ್ಪುನೀರು ಹೊಯ್ದು, ದಪ್ಪ ತಂತಿಯನ್ನು ನಮ್ಮ ಡೇರೆಯ ತನಕ ಎಳೆದುಕೊಟ್ಟರು. ಐಸ್‌ಕ್ರೀಮಿನ ಫ್ರೀಜರು, ಧ್ವನಿವರ್ಧಕ ನಮ್ಮ ಲೈನಿನಲ್ಲಿ ಬೇಡ ಎಂದು ಜಗಳವನ್ನೂ ಅವರೇ ಮಾಡಿದರು. ರಾತ್ರಿಯ ಓಟಕ್ಕೆ ಜನರೇಟರಿನ ವೇಗವನ್ನು 50 ಹರ್ಟ್ಸಿನಲ್ಲೇ ಹಿಡಿದು ನಿಲ್ಲಿಸಿದ್ದು ಇನ್ನೂ ದೊಡ್ಡ ಉಪಕಾರ. ದೀಪಗಳು ಸೆಕೆಂಡಿಗೆ ನೂರು ಸಲ ಮಿನುಗುತ್ತವೆ, ಕ್ಯಾಮೆರಾದ ಶಟರನ್ನು 1/50 ಅಥವಾ 1/100ಕ್ಕೆ ಇಟ್ಟರೆ ಅದು ಕಾಣುವುದಿಲ್ಲ. ಜನರೇಟರು 47ಕ್ಕೆ ಇಳಿದರೆ ಆ ಹೊಂದಾಣಿಕೆ ತಪ್ಪಿ ಬೆಳಕು ಉಸಿರಾಡಿದ ಹಾಗೆ ಕಾಣುತ್ತದೆ.

ನೀರಿನ ಟ್ಯಾಂಕರಿನ ಚಾಲಕರೂ ನಮ್ಮ ಪಾಲಿಗೆ ಕ್ಯಾಮೆರಾ ವಿಭಾಗದವರೇ. ಕೆಂಪು ಧೂಳು ಸ್ವಲ್ಪ ಬೇಕು, ವೇಗ ಕಾಣುವುದೇ ಅದರಿಂದ. ಹೆಚ್ಚಾದರೆ ಆಟೋಫೋಕಸ್ ಕಾರನ್ನು ಬಿಟ್ಟು ಧೂಳನ್ನು ಹಿಡಿಯುತ್ತದೆ. ನೀರು ಹೆಚ್ಚಾದರೆ ಮೊದಲು ಓಡುವ ಕಾರುಗಳು ಜಾರಿ ಸಮಯ ಕಳೆದುಕೊಳ್ಳುತ್ತವೆ, ಅದು ಅನ್ಯಾಯ. ಎಷ್ಟು ಕಾರಿಗೊಮ್ಮೆ, ಎಷ್ಟು ವೇಗದಲ್ಲಿ ಹೊಡೆಯಬೇಕು ಎಂದು ನಿರ್ಧರಿಸುವುದು ಕೋರ್ಸಿನ ಅಧಿಕಾರಿ. ಆ ಹದವನ್ನು ಹಿಡಿದದ್ದು ಟ್ಯಾಂಕರಿನವರ ಕಾಲು. ಕ್ಯಾಮೆರಾದವರು ಅತ್ತ ಫೋಕಸನ್ನು ಕೈಯಿಂದಲೇ ದಾರಿಯ ಒಂದು ಗುರುತಿನ ಕಲ್ಲಿಗೆ ಇಟ್ಟು, ಲೆನ್ಸಿನ ಬಾಯಿಯನ್ನು ಎಫ್ 8ರ ಆಸುಪಾಸಿನಲ್ಲಿ ಹಿಡಿದು ಕಾದರು. ಬಣ್ಣದ ಹದ ನೋಡುವ ವೈಟ್ ಬ್ಯಾಲೆನ್ಸ್ ಆಟೋದಲ್ಲಿ ಇದ್ದರೆ ಕೆಂಪು ಮಣ್ಣನ್ನು ಸರಿಮಾಡಲು ಹೋಗಿ ಆಕಾಶ, ಮುಖ ಎಲ್ಲ ನೀಲಿ ಆಗುತ್ತದೆ. 5600 ಕೆಲ್ವಿನ್‌ಗೆ ಕಟ್ಟಿಹಾಕುವುದೇ ಸರಿ. ಲೆನ್ಸಿನ ಧೂಳನ್ನು ಮೊದಲು ಊದಬೇಕು, ಆಮೇಲೆ ಬ್ರಷ್, ಕೊನೆಗೆ ಬಟ್ಟೆ. ನೇರ ಬಟ್ಟೆಯಲ್ಲಿ ಒರೆಸಿದರೆ ಮುರಕಲ್ಲಿನ ಪುಡಿ ಮರಳುಕಾಗದದ ಕೆಲಸ ಮಾಡುತ್ತದೆ.

ಸಮಯ ಬರೆದವರ ವಿಷಯಕ್ಕೆ ಬಂದರೆ, ಅವರಿಲ್ಲದೆ ಕಾರ್ಯಕ್ರಮವೇ ಇಲ್ಲ. ಒಂಟಿ ಕಾರು ಓಡುವ ಆಟದಲ್ಲಿ ಸೋಲು ಗೆಲುವು ಕಣ್ಣಿಗೆ ಕಾಣುವುದಿಲ್ಲ, ಅಂಕೆಯಲ್ಲಿ ಮಾತ್ರ ಕಾಣುತ್ತದೆ. ಇಬ್ಬರ ಓಟವನ್ನು ಪರದೆಯಲ್ಲಿ ಪಕ್ಕಪಕ್ಕ ಇಟ್ಟು ತೋರಿಸಿದ್ದನ್ನು ಬಹಳ ಜನ ಮೆಚ್ಚಿದ್ದೀರಿ. ಅದರ ಗುಟ್ಟು ಇಷ್ಟೇ: ಮುಂದಿನ ಚಕ್ರ ಸ್ಟಾರ್ಟಿನ ಬೆಳಕಿನ ಕಿರಣವನ್ನು ಕಡಿಯುವ ಫ್ರೇಮನ್ನು ಎರಡರಲ್ಲೂ ಹುಡುಕಿ ಜೋಡಿಸುವುದು. ಆದರೆ ಅಂಕೆಯನ್ನು ಎಂದಿಗೂ ವಿಡಿಯೊದಿಂದ ಲೆಕ್ಕ ಹಾಕಬಾರದು. ಗಂಟೆಗೆ 90 ಕಿಲೋಮೀಟರಿನಲ್ಲಿ ಕಾರು ಸೆಕೆಂಡಿಗೆ 25 ಮೀಟರ್ ಹೋಗುತ್ತದೆ. ಸೆಕೆಂಡಿಗೆ 50 ಫ್ರೇಮ್ ಇದ್ದರೂ ಒಂದು ಫ್ರೇಮಿನಿಂದ ಇನ್ನೊಂದಕ್ಕೆ ಅರ್ಧ ಮೀಟರ್ ಸರಿದಿರುತ್ತದೆ. ಸೆಕೆಂಡಿನ ನೂರನೇ ಒಂದು ಪಾಲಿನಲ್ಲಿ ಗೆದ್ದವನನ್ನು ಆ ಚಿತ್ರ ಹೇಳಲಾರದು. ಪರದೆಯ ಗಡಿಯಾರ ಓಡುತ್ತಿರಲಿ, ನಿಲ್ಲುವಾಗ ಮಾತ್ರ ಸಮಯದ ಹಾಳೆಯ ಅಂಕೆಗೇ ನಿಲ್ಲಬೇಕು. ದಾರಿಯ ಗುರುತಿಗೆ ಇಟ್ಟ ಕೋನಿಗೆ ತಾಗಿದ್ದರ ದಂಡವನ್ನು ಬೇರೆಯಾಗಿ ತೋರಿಸಬೇಕು, ಅಂತಿಮ ಪಟ್ಟಿಗೆ ಸಹಿ ಬೀಳುವ ತನಕ "ತಾತ್ಕಾಲಿಕ" ಎಂಬ ಪದ ಪರದೆಯಿಂದ ತೆಗೆಯಬಾರದು. ಎರಡನೇ ಕಂತಿನಲ್ಲಿ ಆ ಪದ ಬಿಟ್ಟುಹೋಗಿತ್ತು. ಫೋನ್ ಮಾಡಿ ತಿದ್ದಿಸಿದವರೂ ಸಮಯ ಬರೆಯುವವರೇ.

ಕ್ಯಾಮೆರಾದವರ ಹಿಂದೆ ಸೀಟಿ ಹಿಡಿದು ನಿಂತ ಹುಡುಗ ಹುಡುಗಿಯರನ್ನು ಮರೆಯುವ ಹಾಗಿಲ್ಲ. ವ್ಯೂಫೈಂಡರಿಗೆ ಕಣ್ಣಿಟ್ಟವನಿಗೆ ಕಾಣುವುದು ಕಿಟಕಿಯಷ್ಟು ಜಗತ್ತು. ಅದೂ ಉದ್ದ ಲೆನ್ಸಿನಲ್ಲಿ ಎದುರು ಬರುವ ಕಾರು ನಿಂತೇ ಇದ್ದ ಹಾಗೆ ಕಾಣುತ್ತದೆ. ಎರಡು ಸೀಟಿ ಎಂದರೆ ಟ್ರೈಪಾಡ್ ಬಿಟ್ಟು ಓಡು ಎಂದು ಮಾತಾಗಿತ್ತು. ತಿರುವಿನ ಹೊರಬದಿ ಯಾರಿಗೂ ಇಲ್ಲ, ಯಾಕೆಂದರೆ ಹಿಡಿತ ತಪ್ಪಿದ ಕಾರು ಅತ್ತಲೇ ಹೋಗುವುದು. ಒಳಬದಿಯ ಎತ್ತರದಲ್ಲಿ, ದರೆಯ ಹಿಂದೆ ನಿಂತರೆ ಸರಿ. ಕ್ಯಾಮೆರಾಗಳೆಲ್ಲ ದಾರಿಯ ಒಂದೇ ಮಗ್ಗುಲಿಗೆ ಇದ್ದರೆ ಇನ್ನೊಂದು ಲಾಭವೂ ಉಂಟು: ಕಾರು ಯಾವಾಗಲೂ ಪರದೆಯಲ್ಲಿ ಒಂದೇ ದಿಕ್ಕಿಗೆ ಓಡುತ್ತದೆ, ನೋಡುವವರಿಗೆ "ವಾಪಸು ಬಂತಾ?" ಎಂಬ ಗೊಂದಲ ಇಲ್ಲ.

ಮಗುಚಿದ ಕಾರಿನ ಚಿತ್ರವನ್ನು ಯಾಕೆ ಕೂಡಲೇ ಮತ್ತೆ ತೋರಿಸಲಿಲ್ಲ ಎಂದು ಕೆಲವರು ಕೇಳಿದ್ದೀರಿ. ರ‍್ಯಾಲಿ ಕಾರಿನಲ್ಲಿ ಒಂದು ಫಲಕ ಇರುತ್ತದೆ, ಒಂದು ಬದಿಗೆ ಹಸಿರು ಓಕೆ, ಇನ್ನೊಂದು ಬದಿಗೆ ಕೆಂಪು ಎಸ್‌ಒಎಸ್. ಓಕೆ ಕಾಣುವ ತನಕ ದೂರದ ಅಗಲ ಚಿತ್ರ ಬಿಟ್ಟರೆ ಬೇರೇನೂ ಇಲ್ಲ. ಓಕೆ ಕಂಡ ಮೇಲೂ ವೈದ್ಯರ ಮಾತು ವಾಕಿಟಾಕಿಯಲ್ಲಿ ಬಂದ ನಂತರವೇ ಮರುತೋರಿಕೆ. ಮನೆಯಲ್ಲಿ ಆ ಚಾಲಕನ ತಾಯಿಯೂ ಟಿವಿ ನೋಡುತ್ತಿರುತ್ತಾರೆ. ಆ ಬಿಸಿಲಿನಲ್ಲಿ ಆಂಬುಲೆನ್ಸಿನ ಪಕ್ಕ ದಿನವಿಡೀ ನಿಂತು, ನಮಗಾಗಿ ಒಂದು ಮಾತು ಹೆಚ್ಚು ಆಡಿದ ವೈದ್ಯರಿಗೆ ಕೈಮುಗಿದಿದ್ದೇವೆ.

ಯಕ್ಷಗಾನದಲ್ಲಿ ಭಾಗವತರೇ ಮೊದಲ ವೇಷ ಎನ್ನುತ್ತಾರೆ. ಯಾವ ಕ್ಯಾಮೆರಾದ ಚಿತ್ರ ಹೋಗಬೇಕೆಂದು ಆರಿಸುವ ಮಿಕ್ಸಿಂಗ್ ಮೇಜಿನಲ್ಲಿ ಕೂತವರದ್ದೂ ಅದೇ ಪಾಡು: ವೇಷ ರಂಗಕ್ಕೆ ಬರುವ ಮೊದಲೇ ಪದ ಎತ್ತಬೇಕು. "ಮೂರು ತಯಾರು" ಎಂದು ಹೇಳುವ ಹೊತ್ತಿಗೆ ಮೂರನೇ ಕ್ಯಾಮೆರಾದಲ್ಲಿ ಕಾರು ಇರುವುದಿಲ್ಲ, ಬರೇ ಖಾಲಿ ತಿರುವು. ಮೇಜಿಗೆ ತಂತಿ ಎಳೆದದ್ದು ಮೂರೇ ಕ್ಯಾಮೆರಾಕ್ಕೆ. ಸಾದಾ ಎಸ್‌ಡಿಐ ತಂತಿಯಲ್ಲಿ ಎಚ್‌ಡಿ ಚಿತ್ರ ಸುಮಾರು 100 ಮೀಟರಿನ ಆಚೆ ನಂಬಿಕೆಗೆ ನಿಲ್ಲುವುದಿಲ್ಲ, ಅಲ್ಲಿಂದ ಮುಂದೆ ಬೆಳಕಿನಲ್ಲಿ ಚಿತ್ರ ಸಾಗಿಸುವ ಆಪ್ಟಿಕಲ್ ಫೈಬರ್ ಬೇಕು. ಒಂದು ಡ್ರಮ್ ಫೈಬರನ್ನು ಬಾಡಿಗೆ ಕೇಳದೆ ಕೊಟ್ಟ ಕೇಬಲ್ ಟಿವಿಯ ಹುಡುಗರಿಗೆ, ಅದನ್ನು ದಾರಿಯ ಅಡಿಯಲ್ಲಿ ಪಿವಿಸಿ ಪೈಪಿನೊಳಗೆ ಹುಗಿಯಲು ಗುದ್ದಲಿ ಹಿಡಿದವರಿಗೆ ಧನ್ಯವಾದ.

ವೀಕ್ಷಕ ವಿವರಣೆ ಕೊಟ್ಟ ಇಬ್ಬರೂ ತಾಳಮದ್ದಳೆ ಕೇಳಿ ಬೆಳೆದವರು. ಹಾಗಾಗಿ ಮಾತಿಗೆ ಬರಗಾಲ ಇರಲಿಲ್ಲ. ಇದ್ದ ಕಷ್ಟ ನಿಲ್ಲಿಸುವುದರದ್ದು. ಸ್ಟಾರ್ಟಿನ ದೀಪ ಆರಿದ ಮೇಲೆ ಮೊದಲ ಗೇರು ಬದಲಾಗುವ ತನಕ ಮೌನ ಎಂಬ ಕರಾರನ್ನು ಅವರು ಪಾಲಿಸಿದರು. ಒಟ್ಟು ಧ್ವನಿಯನ್ನು ಪ್ರಸಾರದ ಗಟ್ಟಿತನದ ಅಳತೆಯಲ್ಲಿ ಮೈನಸ್ 23 ಎಲ್‌ಯುಎಫ್‌ಎಸ್‌ಗೆ ಇಟ್ಟು ಮಾತನ್ನು ಎಂಜಿನ್ನಿನ ಮೇಲೆ ಕೂರಿಸುವುದು ಆ ಮೌನ ಇದ್ದದ್ದರಿಂದ ಸುಲಭ ಆಯಿತು.

ಕಾರ್ಡುಗಳನ್ನು ಕಾಪಿ ಮಾಡಿದ ವಿದ್ಯಾರ್ಥಿಗಳ ಕೆಲಸ ಯಾರ ಕಣ್ಣಿಗೂ ಬೀಳದ್ದು. ಸೆಕೆಂಡಿಗೆ 50 ಮೆಗಾಬಿಟ್‌ನಲ್ಲಿ ಒಂದು ಕ್ಯಾಮೆರಾ ಗಂಟೆಗೆ ಸುಮಾರು 22 ಗಿಗಾಬೈಟ್ ತಿನ್ನುತ್ತದೆ. ಐದು ಕ್ಯಾಮೆರಾ, ಎಂಟು ಗಂಟೆ, ನೀವೇ ಗುಣಿಸಿ. ಕಾರಿನ ನಂಬ್ರ, ಓಟದ ನಂಬ್ರ, ಕ್ಯಾಮೆರಾದ ನಂಬ್ರ ಈ ಕ್ರಮದಲ್ಲಿ ಪ್ರತಿ ಫೈಲಿಗೂ ಹೆಸರಿಟ್ಟು, ಎರಡು ಡಿಸ್ಕಿನಲ್ಲಿ ಇಳಿಸಿ, ತೆರೆದು ನೋಡಿದ ಮೇಲೆಯೇ ಕಾರ್ಡು ಅಳಿಸಿದರು. ಒಂದು ಫೈಲೂ ಕಳೆದಿಲ್ಲ.

ಆ ಎರಡು ಡಿಸ್ಕಿನಲ್ಲಿ ಓಡಿದ ಪ್ರತಿ ಕಾರಿನ ಒಳಗಿನ ಚಿತ್ರವೂ ಉಂಟು, ಪ್ರಸಾರ ಆಗದ್ದೂ ಸೇರಿ. ಚಾಲಕರು, ನ್ಯಾವಿಗೇಟರ್‌ಗಳು ತಮ್ಮ ತಮ್ಮ ಓಟವನ್ನು ಒಯ್ಯಬಹುದು, ದುಡ್ಡು ಬೇಡ. 64 ಗಿಗಾಬೈಟಿನ ಪೆನ್‌ಡ್ರೈವ್ ತನ್ನಿ, ಎಕ್ಸ್‌ಫ್ಯಾಟ್‌ನಲ್ಲಿ ಫಾರ್ಮ್ಯಾಟ್ ಮಾಡಿರಲಿ. ಫ್ಯಾಟ್ 32 ಆದರೆ ನಾಲ್ಕು ಗಿಗಾಬೈಟಿಗಿಂತ ದೊಡ್ಡ ಫೈಲು ಹತ್ತುವುದಿಲ್ಲ. ಮಳೆ ಹಿಡಿಯುವ ಮೊದಲು ಬಂದರೆ ಒಳ್ಳೆಯದು, ಆಮೇಲೆ ಡಿಸ್ಕುಗಳು ಸಿಲಿಕಾ ಜೆಲ್ ಹಾಕಿದ ಡಬ್ಬಿಗೆ ಹೋಗುತ್ತವೆ. ದೋಟಿ ವಾಪಸು ಮುಟ್ಟಿಸಿದ್ದೇವೆ. ಹಸಿರು ಪಟ್ಟಿ ಸುತ್ತಿದ ಎರಡು ಎಕ್ಸ್‌ಟೆನ್ಶನ್ ವಯರು ಮತ್ತು ಒಂದು ಸ್ಟೀಲಿನ ಚಹಾ ಕ್ಯಾನ್ ಮಾತ್ರ ನಮ್ಮಲ್ಲೇ ಉಳಿದಿವೆ, ಯಾರದ್ದೆಂದು ಹೇಳಿದರೆ ತಂದುಕೊಡುತ್ತೇವೆ.